ಫೋಟೋದಲ್ಲಿ ಇಲ್ಲದ ಹುಡುಗ

ಗುತ್ತಲಿನ ನಮ್ಮ ಮನೆಗೆ ಬಂದುಹೋದವರೆಲ್ಲರೂ ನಡುಮನೆಯ ಗೋಡೆಯ ಮೇಲಿರುವ ಆ ಫೋಟೋವನ್ನು ನೋಡಿಯೇ ಇರುತ್ತೀರಿ. 1978ರ ಡಿಸೆಂಬರಿನಲ್ಲಿ ಹತ್ತನೆಯ ತರಗತಿಯ ಮಕ್ಕಳನ್ನು ಶ್ರೀರಂಗಪಟ್ಟಣಕ್ಕೆ ಪ್ರವಾಸ ಕರೆದುಕೊಂಡು ಹೋದಾಗ ದರಿಯಾ ದೌಲತ್ ಅರಮನೆಯ ಮುಂದೆ ತೆಗೆಸಿದ್ದು. ಮಂಡ್ಯದ ಸ್ಟುಡಿಯೋದವರೊಬ್ಬರು ಮೂರು ಕಾಲಿನ ಸ್ಟ್ಯಾಂಡ್ ಹೊತ್ತು ನಮ್ಮ ಬಸ್ಸಿನಲ್ಲಿಯೇ ಬಂದಿದ್ದರು. ಮೂರು ಸಾಲು, ನಲವತ್ತೆರಡು ಮಕ್ಕಳು, ನಡುವೆ ಕುರ್ಚಿಯ ಮೇಲೆ ತಲೆಯಲ್ಲಿ ಕೂದಲಿದ್ದ ಕಾಲದ ನಾನು. ಹಿಂಬದಿಯಲ್ಲಿ ನನ್ನದೇ ಅಕ್ಷರದಲ್ಲಿ ಎಡದಿಂದ ಬಲಕ್ಕೆ ಎಲ್ಲರ ಹೆಸರುಗಳಿವೆ. ನಲವತ್ತು ವರ್ಷಗಳ ಕಾಲ ಆ ಪಟ್ಟಿಯನ್ನು ನಾನು ಶಾಸನದಂತೆ ನಂಬಿದ್ದೆ.

ಆ ದಿನ ನಾನು ಮಾಡಿದ ಪಾಠ ನಿಮ್ಮಲ್ಲಿ ಕೆಲವರಿಗೆ ನೆನಪಿರಬಹುದು. ಅರಮನೆಯ ಪಶ್ಚಿಮದ ಗೋಡೆಯ ಮುಂದೆ ನಿಲ್ಲಿಸಿ, ಪೊಳ್ಳಿಲೂರಿನ ಯುದ್ಧದ ಚಿತ್ರವನ್ನು ಬೆರಳು ತೋರಿಸಿ ವಿವರಿಸಿದ್ದೆ. 1780ರ ಸೆಪ್ಟೆಂಬರ್ 10ರಂದು ಕಂಚಿಯ ಸಮೀಪ ಹೈದರನ ಮತ್ತು ಟಿಪ್ಪುವಿನ ಸೇನೆ ಕರ್ನಲ್ ಬೇಲಿಯ ಪಡೆಯನ್ನು ಮುರಿದದ್ದು, ನಾಲ್ಕು ವರ್ಷಗಳ ತರುವಾಯ ಈ ಅರಮನೆ ಕಟ್ಟಿಸಿ ಗೋಡೆಯ ಮೇಲೆ ಅದನ್ನು ಬರೆಯಿಸಿದ್ದು, ಎಲ್ಲವನ್ನೂ ಹೇಳಿದೆ. ಕೆಂಪು ಅಂಗಿಯ ಸಿಪಾಯಿಗಳು ಚೌಕಾಕಾರವಾಗಿ ನಿಂತು ಎಲ್ಲ ದಿಕ್ಕಿನಿಂದಲೂ ಮುತ್ತಿಗೆಗೆ ಒಳಗಾಗಿದ್ದಾರೆ. ನಡುವೆ ಗಾಯಗೊಂಡ ಬೇಲಿ ಪಲ್ಲಕ್ಕಿಯಲ್ಲಿ ಕುಳಿತಿದ್ದಾನೆ. ಮದ್ದಿನ ಬಂಡಿ ಸಿಡಿಯುತ್ತಿದೆ. ಫ್ರೆಂಚರ ಲಾಲಿ ದುರ್ಬೀನು ಹಿಡಿದಿದ್ದಾನೆ. ಟಿಪ್ಪುವೋ, ಇದಾವುದೂ ತನಗೆ ಸಂಬಂಧಿಸಿದ್ದಲ್ಲವೆಂಬಂತೆ ಹೂವೊಂದನ್ನು ಮೂಸುತ್ತಿದ್ದಾನೆ. ಹೊತ್ತಿಗೆ ಸರಿಯಾಗಿ ಬಾರದ ನಿಜಾಮನನ್ನು ಹಸು ಮತ್ತು ಹಂದಿಯ ಚಿತ್ರ ಸೇರಿಸಿ ಗೇಲಿ ಮಾಡಿರುವುದನ್ನು ಕಂಡು ನೀವೆಲ್ಲ ನಕ್ಕಿರಿ. "ನೋಡಿ, ಕಣ್ಣಾರೆ ಕಂಡವರು ಬರೆಸಿದ್ದು. ಪುಸ್ತಕದಲ್ಲಿ ಓದುವುದಕ್ಕಿಂತ ಇದು ದೊಡ್ಡ ಸಾಕ್ಷಿ" ಎಂದು ನಾನು ಹೇಳಿದೆ.

ಆ ಮಾತನ್ನು ಈಗ ಹಿಂದಕ್ಕೆ ತೆಗೆದುಕೊಳ್ಳಬೇಕಾಗಿದೆ. ಅಂದು ನಾನು ಅಷ್ಟು ಓದಿರಲಿಲ್ಲ. ನಾವು ಕಂಡ ಬಣ್ಣ 1784ರದಲ್ಲ. ಟಿಪ್ಪುವಿನ ಪತನದ ನಂತರ ಆ ಅರಮನೆಯಲ್ಲಿ ವಾಸವಾಗಿದ್ದ ಆರ್ಥರ್ ವೆಲ್ಲೆಸ್ಲಿ ಒಮ್ಮೆ ಅದನ್ನು ಸರಿಪಡಿಸಿದ. ಮತ್ತೆ ಮಾಸಿಹೋದಾಗ 1850ರ ದಶಕದಲ್ಲಿ ಗವರ್ನರ್ ಜನರಲ್ ಡಾಲ್‌ಹೌಸಿ ಹೊಸದಾಗಿ ಬರೆಯಿಸಿದ. ಮೂಲಚಿತ್ರವನ್ನು ಕಂಡು ನೆನಪಿಟ್ಟುಕೊಂಡಿದ್ದ ಇಲ್ಲಿಯ ಚಿತ್ರಕಾರನೊಬ್ಬನಿಂದ ಅದು ಸಾಧ್ಯವಾಯಿತೆಂಬ ಮಾತು ಹಳೆಯ ಪುಸ್ತಕಗಳಲ್ಲಿ ಬರುತ್ತದೆ. ಅಂದರೆ ನಾನು ಪ್ರತ್ಯಕ್ಷ ಸಾಕ್ಷಿಯೆಂದು ತೋರಿಸಿದ್ದು ಒಬ್ಬ ಚಿತ್ರಕಾರನ ನೆನಪು. ಅದೂ ಸೋತವರ ಖರ್ಚಿನಲ್ಲಿ ಉಳಿದದ್ದು. ತಮ್ಮ ಸೋಲಿನ ಚಿತ್ರವನ್ನು ಇಂಗ್ಲಿಷರು ಕಾಪಾಡಿದರೆನ್ನುವುದು ವಿಚಿತ್ರವೇ. ಗೆದ್ದ ಮೇಲೆ ಹಳೆಯ ಸೋಲು ಅಲಂಕಾರವಾಗುತ್ತದೆಯೋ ಏನೋ.

ಹಾಗೆಂದು ಆ ಗೋಡೆಯನ್ನು ತಳ್ಳಿಹಾಕುವಂತಿಲ್ಲ. ಮದ್ದಿನ ಬಂಡಿ ಸಿಡಿದ ಸಂಗತಿಯನ್ನೇ ತೆಗೆದುಕೊಳ್ಳಿ. ಅದನ್ನು ಗೆದ್ದವನ ಗೋಡೆಯೂ ಹೇಳುತ್ತದೆ, ಸೋತ ಇಂಗ್ಲಿಷರ ಬರಹಗಳೂ ಹೇಳುತ್ತವೆ. ಪರಸ್ಪರ ಹಗೆಗಳಾದ ಇಬ್ಬರು ಒಂದೇ ಮಾತು ಹೇಳಿದರೆ ಅದಕ್ಕೆ ತೂಕ ಬೇರೆ. ಟಿಪ್ಪು ಹೂ ಮೂಸಿದ್ದಕ್ಕೆ ಮಾತ್ರ ಗೋಡೆಯೊಂದೇ ಸಾಕ್ಷಿ. ಅದು ಯುದ್ಧದ ಸುದ್ದಿಯಲ್ಲ, ದೊರೆಯಾದವನು ಹೇಗೆ ಕಾಣಿಸಿಕೊಳ್ಳಬಯಸಿದನೆಂಬುದರ ಸುದ್ದಿ. ಆ ಮಟ್ಟಿಗೆ ಅದೂ ಚರಿತ್ರೆಯೇ.

ಇನ್ನು 1799ರ ಮೇ 4ರ ಸಂಗತಿ. ಶ್ರೀರಂಗಪಟ್ಟಣ ಬಿದ್ದ ದಿನವನ್ನು ನಮ್ಮ ಪಠ್ಯಪುಸ್ತಕಗಳಲ್ಲಿ ಅಚ್ಚಾದ ಚಿತ್ರಗಳ ಮೂಲಕವೇ ನಾವು ಕಲಿತದ್ದು, ಕಲಿಸಿದ್ದು. ರಾಬರ್ಟ್ ಕೆರ್ ಪೋರ್ಟರ್ ಎಂಬ ಇಪ್ಪತ್ತಮೂರರ ಆಸುಪಾಸಿನ ಯುವಕ 1800ರಲ್ಲಿ ಲಂಡನ್ನಿನಲ್ಲಿ ನೂರಡಿಗೂ ಉದ್ದದ ಪರದೆಯ ಮೇಲೆ ಕೋಟೆಯ ಮುತ್ತಿಗೆಯನ್ನು ಬರೆದು ಪ್ರದರ್ಶಿಸಿದ. ಜನ ಹಣ ಕೊಟ್ಟು ನೋಡಿದರು. ಅವನು ಕಾವೇರಿಯನ್ನು ಕಂಡವನಲ್ಲ. ಟಿಪ್ಪುವಿನ ಶವವನ್ನು ಜನರಲ್ ಬೇರ್ಡ್ ಪತ್ತೆಹಚ್ಚುವ ಪ್ರಸಿದ್ಧ ಚಿತ್ರವನ್ನು ಡೇವಿಡ್ ವಿಲ್ಕಿ ಮುಗಿಸಿದ್ದು 1839ರಲ್ಲಿ, ಘಟನೆ ನಡೆದು ನಲವತ್ತು ವರ್ಷಗಳ ಮೇಲೆ. ಬರೆಯಿಸಿದವರು ಬೇರ್ಡನ ವಿಧವೆ. ಹೀಗಾಗಿ ಚಿತ್ರದಲ್ಲಿ ಬೆಳಕೆಲ್ಲ ಯಾರ ಮೇಲೆ ಬಿದ್ದಿದೆಯೆಂದು ನಾನು ಹೇಳಬೇಕಾಗಿಲ್ಲ.

ಅಲ್ಲಿಯೇ ಇದ್ದವರ ಬರಹ ಬೇರೆ ಬಗೆಯದು. ಮೇಜರ್ ಅಲನ್ ಎಂಬವನು ಆ ರಾತ್ರಿ ದೀಪದ ಬೆಳಕಿನಲ್ಲಿ ಹೆಣಗಳ ರಾಶಿಯ ನಡುವೆ ಹುಡುಕಿದವರಲ್ಲಿ ಒಬ್ಬ. ಅವನ ವರದಿ 1800ರಲ್ಲಿ ಅಚ್ಚಾದ ಬೀಟ್ಸನ್ನನ ಪುಸ್ತಕದಲ್ಲಿದೆ. ಶವದ ಕಣ್ಣು ತೆರೆದೇ ಇತ್ತೆಂದೂ, ಮೈ ಇನ್ನೂ ಬೆಚ್ಚಗಿದ್ದುದರಿಂದ ತನಗೂ ವೆಲ್ಲೆಸ್ಲಿಗೂ ಜೀವವಿದೆಯೇನೋ ಎಂಬ ಅನುಮಾನ ಬಂತೆಂದೂ, ನಾಡಿ ಮುಟ್ಟಿ ನೋಡಿದ ಮೇಲೆ ಸಂಶಯ ಹೋಯಿತೆಂದೂ ಆತ ಬರೆಯುತ್ತಾನೆ. ಈ ಒಂದು ವಿವರದ ಮುಂದೆ ವಿಲ್ಕಿಯ ಇಡೀ ಚಿತ್ರ ನನಗೆ ಸಪ್ಪೆಯಾಗಿ ತೋರುತ್ತದೆ. ಟಿಪ್ಪು ಸತ್ತದ್ದು ಹೇಗೆಂಬುದಕ್ಕೆ ಮಾತ್ರ ಅಲನ್ ಸಾಕ್ಷಿಯಲ್ಲ. ಅದನ್ನು ಹೇಳಿದವನು ರಾಜಾಖಾನ್, ದೊರೆಯ ಪಕ್ಕದಲ್ಲಿಯೇ ಗಾಯಗೊಂಡು ಬಿದ್ದಿದ್ದ ಸೇವಕ. ಕತ್ತಿಯ ನಡುಪಟ್ಟಿಗೆ ಆಸೆಪಟ್ಟು ಕೈಹಾಕಿದ ಸಿಪಾಯಿಯ ಮೊಣಕಾಲಿಗೆ ಟಿಪ್ಪು ಏಟು ಹಾಕಿದ, ಆ ಸಿಪಾಯಿ ಕಣತಲೆಗೆ ಗುಂಡಿಟ್ಟ, ಇದು ಅವನ ಹೇಳಿಕೆ. ಹೇಳಿದವನು ಸೆರೆಯಾಳು, ಕೇಳಿದವರು ಗೆದ್ದವರು, ಬರೆದದ್ದು ಅವರ ಭಾಷೆಯಲ್ಲಿ. ಆದರೂ ಕಣತಲೆಯ ಗಾಯವನ್ನು ಉಳಿದವರೂ ಕಂಡಿದ್ದಾರೆ. ಆ ಸಿಪಾಯಿ ಯಾರೆಂಬುದು ಇಂದಿಗೂ ತಿಳಿಯದು.

ಹೀಗೆ ತಿಳಿಯದ ಕಡೆ ಹೆಸರು ತುಂಬುವ ಆಸೆ ಮನುಷ್ಯರಿಗೆ ಸಹಜ. 2023ರ ಮಾರ್ಚಿನಲ್ಲಿ ನಮ್ಮ ಮಂಡ್ಯದಲ್ಲಿಯೇ ಉರಿಗೌಡ, ನಂಜೇಗೌಡ ಎಂಬ ಹೆಸರುಗಳ ಕಮಾನು ಎದ್ದದ್ದು, ಇಳಿದದ್ದು, ಸಿನಿಮಾ ಮಾಡುವ ಮಾತು ಹೊರಟದ್ದು, ಆದಿಚುಂಚನಗಿರಿಯ ಸ್ವಾಮೀಜಿಯವರು ಆಧಾರ ಕೇಳಿದ ಮೇಲೆ ಅದು ನಿಂತದ್ದು ನಿಮಗೆ ಗೊತ್ತಿದೆ. ಆಗ ಹಲವರು ಫೋನು ಮಾಡಿ "ಸಾರ್, ನೀವು ಇಲ್ಲಿಯವರೇ, ಚರಿತ್ರೆಯ ಮೇಷ್ಟ್ರು, ನಿಜವೇನು?" ಎಂದು ಕೇಳಿದಿರಿ. ಆ ದಿನ ಅಲ್ಲಿದ್ದವರು ಬರೆದಿಟ್ಟದ್ದರಲ್ಲಿ ನಾನು ಓದಿದಷ್ಟರಲ್ಲಿ ಆ ಹೆಸರುಗಳು ಸಿಕ್ಕಲಿಲ್ಲ. ಅಂದೂ ಅಷ್ಟೇ ಹೇಳಿದೆ, ಇಂದೂ ಅಷ್ಟೇ. ಟಿಪ್ಪುವಿನ "ನಿಜವಾದ ಫೋಟೋ" ಎಂದು ವಾಟ್ಸಾಪಿನಲ್ಲಿ ಓಡಾಡುವ ಗಡ್ಡದ ಮನುಷ್ಯನ ಚಿತ್ರಕ್ಕಂತೂ ಉತ್ತರ ಸುಲಭ. ಡಾಗೇರ್ ತನ್ನ ಛಾಯಾಚಿತ್ರದ ವಿಧಾನವನ್ನು ಲೋಕಕ್ಕೆ ತಿಳಿಸಿದ್ದು 1839ರಲ್ಲಿ. 1799ರಲ್ಲಿ ಮಡಿದವನ ಫೋಟೋ ಎಲ್ಲಿಂದ ಬರಬೇಕು? ಅದು ಪೂರ್ವ ಆಫ್ರಿಕದ ಯಾವನೋ ಅರಬ್ ವರ್ತಕನದು.

ಹೀಗೆ ಊರಿಗೆಲ್ಲ ಬುದ್ಧಿ ಹೇಳುವ ನನ್ನ ಕಥೆಯನ್ನು ಈಗ ಹೇಳುತ್ತೇನೆ.

2019ರ ಜನವರಿಯಲ್ಲಿ ಆ ತಂಡದವರು ಸೇರಿ ಗುರುವಂದನೆ ಏರ್ಪಡಿಸಿದ್ದಿರಿ. ನಾನು ಗೋಡೆಯ ಫೋಟೋವನ್ನು ಕಳಚಿ ಬಟ್ಟೆಯಲ್ಲಿ ಸುತ್ತಿಕೊಂಡು ಬಂದಿದ್ದೆ. ಎಲ್ಲರೂ ಸುತ್ತುವರಿದು ತಮ್ಮ ತಮ್ಮ ಮುಖಗಳನ್ನು ಹುಡುಕಿಕೊಳ್ಳುತ್ತಿದ್ದಾಗ ಹಿಂದಿನಿಂದ ಒಬ್ಬ, "ನಾನೂ ಬಂದಿದ್ದೆ ಸಾ. ಬೇಲಿ ಪಲ್ಲಕ್ಕೀಲಿ ಕೂತಿರೋದ ತೋರಿಸಿದ್ರಲ್ಲ" ಎಂದ. ನಾನು ಫೋಟೋ ತಿರುಗಿಸಿ ಪಟ್ಟಿಯ ಮೇಲೆ ಬೆರಳಾಡಿಸಿದೆ. ಅವನ ಹೆಸರಿರಲಿಲ್ಲ. "ಇಲ್ಲ ಕಣಪ್ಪಾ, ನೀನು ಬಂದಿರಲಿಲ್ಲ. ಬೇರೆ ಯಾವಾಗಲೋ ನೋಡಿರಬೇಕು. ಫೋಟೋ ಸುಳ್ಳು ಹೇಳುತ್ತದೆಯೇ?" ಎಂದೆ. ಎಲ್ಲರೂ ನಕ್ಕರು. ಅವನೂ ನಕ್ಕಂತೆ ಮಾಡಿದ. ಊಟದ ಪಂಕ್ತಿಯಲ್ಲಿ ಮಾತ್ರ ಅವನು ಕಾಣಲಿಲ್ಲ. ಕಬ್ಬು ಅರೆಯುವ ಕಾಲ, ಆಲೆಮನೆಯಲ್ಲಿ ಕೆಲಸವಿರಬೇಕೆಂದುಕೊಂಡು ಸುಮ್ಮನಾದೆ.

ಮುಂದಿನ ವರ್ಷ ಕೊರೊನಾ ಬಂದು ಮನೆಯಲ್ಲಿ ಕೂತಾಗ ಹಳೆಯ ಟ್ರಂಕನ್ನು ಬಿಚ್ಚಿದೆ. ಅದರಲ್ಲಿ ಪ್ರವಾಸದ ಲೆಕ್ಕದ ಪುಸ್ತಕ ಸಿಕ್ಕಿತು. ನಲವತ್ತು ಹಾಳೆಯ ನೋಟ್ ಬುಕ್ಕು, ಅಂಚೆಲ್ಲ ಹುಳ ತಿಂದಿದೆ. ಬಸ್ಸಿನ ಬಾಡಿಗೆ, ಬಾಳೆಲೆ, ಉಪ್ಪಿನಕಾಯಿ, ಫೋಟೋದವರಿಗೆ ಕೊಟ್ಟ ಮುಂಗಡ, ಎಲ್ಲವೂ ಪೈಸೆ ಸಹಿತ ಇದೆ. ಮಕ್ಕಳಿಂದ ಬಂದ ಹಣದ ಪಟ್ಟಿಯಲ್ಲಿ ನಲವತ್ತಮೂರು ಹೆಸರುಗಳು. ಕೊನೆಯ ಹೆಸರು ಅವನದು. ಎದುರಿಗೆ "ಎರಡು ರೂಪಾಯಿ ಬಾಕಿ" ಎಂದು ಬರೆದು, ಮುಂದೆ ಬೇರೆ ಶಾಯಿಯಲ್ಲಿ "ಬಂತು" ಎಂದಿದೆ. ಹಿಂತಿರುಗುವಾಗ ಬಸ್ಸಿನಲ್ಲಿ ತಲೆ ಎಣಿಸಿದ್ದನ್ನೂ ಗುರುತು ಹಾಕಿದ್ದೇನೆ. ನಲವತ್ತಮೂರು.

ಆ ಹಾಳೆಯನ್ನು ಹಿಡಿದು ನಾನು ಎಷ್ಟು ಹೊತ್ತು ಕುಳಿತಿದ್ದೆನೋ ತಿಳಿಯದು. ಒಂದು ದಸರೆಯ ಗೊಂಬೆಯನ್ನು ಜೋಡಿಸುವ ಹಾಗೆ ಮಕ್ಕಳನ್ನು ನಿಲ್ಲಿಸಿ ತೆಗೆಸಿದ ಚಿತ್ರವನ್ನು ಹಾಜರಿ ಪುಸ್ತಕವೆಂದು ಭಾವಿಸಿದ್ದೆನಲ್ಲ! ಚೌಕಟ್ಟಿನ ಹೊರಗೆ ಯಾರಿದ್ದರೆಂದು ಕೇಳದೆಯೇ, ಎದುರಿಗೆ ನಿಂತು ನಾನು ಕಂಡೆನೆನ್ನುವವನ ಬಾಯಿಯನ್ನು ನಾಲ್ಕು ಜನರ ಮುಂದೆ ಮುಚ್ಚಿಸಿದ್ದೆ. ವಿಲ್ಕಿಯ ಚಿತ್ರವನ್ನು ಆಡಿಕೊಳ್ಳುವ ನನಗೆ, ನನ್ನ ಮನೆಯ ಗೋಡೆಯ ಚಿತ್ರದ ನಡುವೆ ಕುರ್ಚಿ ಹಾಕಿಸಿಕೊಂಡು ಕುಳಿತವನು ಯಾರೆಂಬುದು ಹೊಳೆಯಲಿಲ್ಲ.

ಓಡಾಟಕ್ಕೆ ಅಡ್ಡಿಯಿಲ್ಲವೆಂದಾದ ಮೇಲೆ, 2021ರ ಜನವರಿಯ ಒಂದು ಬೆಳಿಗ್ಗೆ ಮಗನ ಸ್ಕೂಟರಿನಲ್ಲಿ ಅವನ ಆಲೆಮನೆಗೆ ಹೋದೆ. ಕೊಪ್ಪರಿಗೆಯಲ್ಲಿ ಕಬ್ಬಿನ ಹಾಲು ಕುದಿಯುತ್ತಿತ್ತು. ನನ್ನನ್ನು ಕಂಡು ಗಾಬರಿಯಾಗಿ ಹೆಗಲ ಮೇಲಿನ ಟವೆಲ್ಲನ್ನು ತೆಗೆದು ಕೈಯಲ್ಲಿ ಹಿಡಿದ. ಲೆಕ್ಕದ ಪುಸ್ತಕವನ್ನು ಅವನ ಕೈಗೆ ಕೊಟ್ಟು, "ನೀನು ಬಂದಿದ್ದೆ ಕಣಪ್ಪಾ. ನನ್ನದೇ ತಪ್ಪು" ಎಂದೆ. ಅವನು ಬಹಳ ಹೊತ್ತು ತನ್ನ ಹೆಸರನ್ನೇ ನೋಡುತ್ತಿದ್ದ.

"ಫೋಟೋ ತೆಗೆಯೋವಾಗ ಎಲ್ಲಿದ್ದೆ?" ಎಂದು ಕೇಳಿದೆ.

"ಚಿತ್ರಾನ್ನದ ಪಾತ್ರೆ ಕಾಯ್ತಿದ್ದೆ ಸಾ, ಬಸ್ಸಿನ ತಾವ. ಕೋತಿ ಕಾಟ ಅಂತ ನೀವೇ ಕಳಿಸಿದ್ರಿ."

ನನಗೆ ಅದು ಇಂದಿಗೂ ನೆನಪಿಲ್ಲ. ಅವನ ಮಾತನ್ನು ನಂಬಿದ್ದೇನೆ, ಅಷ್ಟೇ. ಎರಡು ರೂಪಾಯಿ ಬಾಕಿಯಿದ್ದವನನ್ನೇ ಯಾಕೆ ಕಳಿಸಿದೆ ಎಂಬ ಪ್ರಶ್ನೆಯನ್ನು ಅವನು ಕೇಳಲಿಲ್ಲ. ನಾನು ಕೇಳಿಕೊಳ್ಳುತ್ತಲೇ ಇದ್ದೇನೆ.

ಆಮೇಲೆ ಅವನು ಉತ್ಸಾಹದಿಂದ ಅಂದಿನ ಸಂಗತಿಗಳನ್ನೆಲ್ಲ ಹೇಳತೊಡಗಿದ. ಮಧ್ಯಾಹ್ನ ಗುಂಬಜಿನ ನೆರಳಿನಲ್ಲಿ ಎಲ್ಲರೂ ಉಂಡೆವೆಂದ. ಲೆಕ್ಕದ ಪುಸ್ತಕದ ಪ್ರಕಾರ ನಾವು ಉಂಡದ್ದು ನಿಮಿಷಾಂಬ ದೇವಸ್ಥಾನದ ಬಳಿ ಹೊಳೆಯ ದಂಡೆಯಲ್ಲಿ. ಹೊತ್ತಾಯಿತೆಂದು ಗುಂಬಜಿಗೆ ಹೋಗಲೇ ಇಲ್ಲ. ಪುಸ್ತಕ ನನ್ನ ಕೈಯಲ್ಲಿಯೇ ಇತ್ತು. ಮೇಷ್ಟ್ರ ನಾಲಿಗೆ ತುದಿಯವರೆಗೆ ಬಂತು. ನುಂಗಿಕೊಂಡೆ. ಊಟದ ಜಾಗ ತಪ್ಪಿದ ಮಾತ್ರಕ್ಕೆ ಅವನು ಬಂದದ್ದು ಸುಳ್ಳಾಗುವುದಿಲ್ಲವಲ್ಲ.

ಹೊರಡುವಾಗ ಬಿಸಿ ಅಚ್ಚುಬೆಲ್ಲವನ್ನು ಕಾಗದದಲ್ಲಿ ಕಟ್ಟಿಕೊಟ್ಟ. ಮನೆಗೆ ಬಂದವನೇ ಫೋಟೋವನ್ನು ಇಳಿಸಿ, ಹಿಂಬದಿಯ ಪಟ್ಟಿಯ ಕೆಳಗೆ ಅವನ ಹೆಸರು ಬರೆದು, ಮುಂದೆ "ಬಸ್ಸಿನ ಬಳಿ ಪಾತ್ರೆ ಕಾಯುತ್ತಿದ್ದ" ಎಂದು ಸೇರಿಸಿ ತಾರೀಖು ಹಾಕಿದೆ. ಅಂದು ನಿಮ್ಮಲ್ಲಿ ಅನೇಕರು ಒಂದೊಂದು ಪ್ರತಿ ಕೊಂಡಿದ್ದಿರಿ. ಅದು ಇನ್ನೂ ಯಾರ ಮನೆಯಲ್ಲಾದರೂ ಇದ್ದರೆ ದಯವಿಟ್ಟು ನೀವೂ ಹಾಗೆಯೇ ಬರೆದುಕೊಳ್ಳಿ. ಹೆಸರನ್ನು ಇಲ್ಲಿ ಕೊಟ್ಟಿಲ್ಲ. ಅಂದು ನನ್ನ ಜೊತೆ ನಕ್ಕವರಿಗೆಲ್ಲ ಅದು ಗೊತ್ತೇ ಇದೆ.