ಮಾಗಿಯ ಹದ

ಹುಬ್ಬಳ್ಳಿಯಲ್ಲಿ ಚಳಿಯೆಂದರೆ ಉತ್ತರದೇಶದವರು ನಗುತ್ತಾರೆ. ಹಿಮ ಬೀಳದ, ನೀರು ಹೆಪ್ಪುಗಟ್ಟದ ಊರಿನಲ್ಲಿ ಮಾಗಿಯೆಂಬುದೊಂದು ಉಂಟೆ ಎಂದು ಅವರ ಪ್ರಶ್ನೆ. ಆದರೆ ಡಿಸೆಂಬರ, ಜನವರಿಗಳಲ್ಲಿ ರಾತ್ರಿಯ ಉಷ್ಣಮಾನ 15 ಡಿಗ್ರಿಗಿಂತ ಕೆಳಗಿಳಿಯಿತೆಂದರೆ ನಮ್ಮ ಕಮರಿಪೇಟೆಯ ಓಣಿಗಳಲ್ಲಿ ಹಿರಿಯರ ಕಿವಿಗಳು ಮಫ್ಲರಿನೊಳಗೆ ಅಡಗುತ್ತವೆ. ಮನುಷ್ಯರಿಗೆ ತಾಗಿದ ಥಂಡಿ ಗಿಡಗಳಿಗೆ ತಾಗದೆ ಇದ್ದೀತೆ?

ನಮ್ಮ ಹಿತ್ತಲೆಂದರೆ ನಾಲ್ಕು ಹೆಜ್ಜೆಯ ಜಾಗ. ಅದರ ಮೂಲೆಯಲ್ಲಿ ಆಪೂಸ ಮಾವಿನ ಕಸಿಗಿಡವೊಂದಿದೆ. ವಯಸ್ಸು ಎರಡು ವರ್ಷ, ಎತ್ತರ ನನ್ನ ಸೊಂಟದಷ್ಟು. ಧಾರವಾಡದ ಕಡೆಯ ಹಳ್ಳಿಯಿಂದ ಬರುತ್ತಿದ್ದ ವಿದ್ಯಾರ್ಥಿಯೊಬ್ಬ ತಂದುಕೊಟ್ಟದ್ದು. ಅವರ ತೋಟದಲ್ಲಿ ಮೇಲಿಂದ ಮೇಲೆ ಎರಡು ವರ್ಷ ಹೂವೆಲ್ಲ ಉದುರಿಹೋಗಿತ್ತು. ಮರ ಕಡಿಸಿ, ನೆಲವನ್ನು ಮನೆ ಕಟ್ಟುವವರಿಗೆ ಮಾರಿಬಿಡುವ ಮಾತನ್ನು ಅವನ ತಂದೆ ಎತ್ತಿದ್ದರು. "ಸರ, ನಮ್ಮಜ್ಜ ಹಚ್ಚಿದ ಗಿಡದ ಕಡ್ಡೀಲೆ ಕಸಿ ಕಟ್ಟೀನ್ರಿ. ಅಲ್ಲಿ ಉಳೀಲಿಲ್ಲಂದ್ರೂ ನಿಮ್ಮಲ್ಲೆ ಒಂದು ಇರ್ಲಿ," ಎಂದ. ಇಂಥ ಕಾಣಿಕೆಯನ್ನು ಕೈಯಾರೆ ತೆಗೆದುಕೊಂಡವನಿಗೆ ಚಳಿಗಾಲದ ರಾತ್ರಿ ನಿಶ್ಚಿಂತೆಯ ನಿದ್ದೆ ಎಲ್ಲಿಯದು?

ಎಳೆಯ ಮಾವಿಗೆ ಚಳಿಯ ಅಂಜಿಕೆ ಹೆಚ್ಚು. ಮೂರು ಬದಿಗೆ ತಟ್ಟಿ ಕಟ್ಟಿ, ಬೆಳಗಿನ ಬಿಸಿಲು ಒಳಗೆ ಬರುವಂತೆ ಆಗ್ನೇಯ ದಿಕ್ಕನ್ನು ತೆರೆದಿಟ್ಟಿದ್ದೇನೆ. ಬುಡಕ್ಕೆ ಒಣಹುಲ್ಲಿನ ಹೊದಿಕೆ. ಸಂಜೆ ತುಸುವೇ ನೀರು. ಹಸಿಯಾದ ಮಣ್ಣು ಹಗಲಿನ ಕಾವನ್ನು ಹಿಡಿದಿಟ್ಟುಕೊಂಡು ರಾತ್ರಿಯಲ್ಲಿ ಮೆಲ್ಲಗೆ ಬಿಟ್ಟುಕೊಡುತ್ತದೆ. ಮಾಗಿಯ ಬಾಯಲ್ಲಿ ಗೊಬ್ಬರ ಹಾಕಬಾರದು, ಟೊಂಗೆ ಕತ್ತರಿಸಬಾರದು. ಹಾಗೆ ಮಾಡಿದರೆ ಹೊಸ ಚಿಗುರು ಒಡೆಯುತ್ತದೆ. ಚಳಿ ಮೊದಲು ತಿನ್ನುವುದು ಆ ಚಿಗುರನ್ನೇ. ರಾತ್ರಿ ನಾನು ಗೋಣಿಚೀಲ ಹೊದಿಸುವುದನ್ನು ಕಂಡು ಮನೆಯಾಕೆ, "ರೀ, ಮುಂದಿನ ವರ್ಷ ಅದಕ್ಕೊಂದು ಸ್ವೆಟರ್ ಹೆಣೀತೀನಿ, ಅಳತಿ ತಗೊಂಡಿಟ್ಟಿರ್ರಿ," ಎಂದು ನಗುತ್ತಾಳೆ.

ದೊಡ್ಡ ಮರದ ಧರ್ಮವೇ ಬೇರೆ. ಅದಕ್ಕೆ ಚಳಿ ಬೇಕು! ಕಾಶ್ಮೀರದ ಸೇಬಿಗೆ ಬೇಕಾದಷ್ಟು ಕಡುಚಳಿಯಲ್ಲ. ಕೆಲವು ವಾರಗಳ ತಂಪು ರಾತ್ರಿಗಳು ಸಾಕು. ಆ ತಂಪಿನಲ್ಲಿ ಮರ ಎಲೆ ಬೆಳೆಸುವುದನ್ನು ನಿಲ್ಲಿಸಿ ಹೂವಿನ ಯೋಚನೆಗೆ ತೊಡಗುತ್ತದೆ. ಆದುದರಿಂದಲೇ ಬಲ್ಲ ರೈತರು ಹೂ ಬಿಡುವ ಮುನ್ನ ಮರಕ್ಕೆ ನೀರು ಕೊಡುವುದಿಲ್ಲ. ಚಳಿ ಬಾರದೆ ಕಾವೇ ಮುಂದುವರಿದರೆ ಮರ ಹಚ್ಚಗೆ ಚಿಗುರುತ್ತದೆ, ಹೂ ಬಿಡಲು ಮರೆಯುತ್ತದೆ.

ಹೂ ಬಿಟ್ಟ ಮೇಲೆ ಅದೇ ಚಳಿ ಅತಿಯಾದರೆ ಹೊರೆ. ಮಾವಿನ ಗೊಂಚಲಿನಲ್ಲಿ ಗಂಡು ಹೂಗಳೂ ಇವೆ, ಕಾಯಿ ಕಟ್ಟಬಲ್ಲ ದ್ವಿಲಿಂಗಿ ಹೂಗಳೂ ಇವೆ. ಕುಳಿರು ಹೆಚ್ಚಿದರೆ ಎರಡನೆಯವು ಕಡಿಮೆಯಾಗುತ್ತವೆ, ಪರಾಗವೂ ಬಲಗುಂದುತ್ತದೆ. ಹಗಲು ಬೆಚ್ಚಗೆ, ರಾತ್ರಿ ತಣ್ಣಗೆ, ಮೇಲೆ ಇಬ್ಬನಿ ಎಂದರೆ ಬೂದಿರೋಗಕ್ಕೆ ಹಬ್ಬ. ಜೊತೆಗೆ ರಸ ಹೀರುವ ಜಿಗಿಹುಳು. ಬೂದಿರೋಗಕ್ಕೆ ಲೀಟರು ನೀರಿಗೆ 2–3 ಗ್ರಾಂ, ನೀರಿನಲ್ಲಿ ಬೆರೆಯುವ ಗಂಧಕವನ್ನು ಹಾಕಿ ಸಿಂಪಡಿಸುತ್ತಾರೆ. ಎಲ್ಲ ನೆಟ್ಟಗಿದ್ದರೂ ನೂರು ಹೂವಿಗೆ ಒಂದು ಹಣ್ಣು ಉಳಿಯುವುದೂ ದುರ್ಲಭ. ಆ ಉಳಿದದ್ದರಲ್ಲೇ ರೈತನ ಸಾಲ, ಮಗಳ ಮದುವೆ, ಮಗನ ಕಾಲೇಜಿನ ಫೀ.

ಕನ್ನಡ ಮಾಸ್ತರನಿಗೆ ಗಿಡದ ಗೊಡವೆ ಏಕೆಂದು ಕೇಳುವವರಿದ್ದಾರೆ. ಹನ್ನೊಂದನೆಯ ಶತಮಾನದಲ್ಲಿ ಇಮ್ಮಡಿ ಚಾವುಂಡರಾಯ 'ಲೋಕೋಪಕಾರ'ವನ್ನು ಬರೆದಾಗ ವೃಕ್ಷಾಯುರ್ವೇದಕ್ಕೂ ಅದರಲ್ಲಿ ಮಣೆ ಹಾಕಿದ. ಅವನಿಗಿಂತ ಐದು ಶತಮಾನ ಹಿಂದೆ ವರಾಹಮಿಹಿರ, ಶೀತ, ಗಾಳಿ, ಬಿಸಿಲುಗಳಿಂದ ಗಿಡಕ್ಕೆ ರೋಗ ಬಂದು ಎಲೆ ಬಿಳಿಚುತ್ತದೆ, ಚಿಗುರು ಏಳುವುದಿಲ್ಲ, ಟೊಂಗೆ ಒಣಗುತ್ತದೆ ಎಂದು 'ಬೃಹತ್ಸಂಹಿತೆ'ಯಲ್ಲಿ ಬರೆದಿಟ್ಟಿದ್ದಾನೆ. ಪಂಡಿತರಿಗೆ ಅಂದು ಇದು ಹೊರಗಿನ ವಿಷಯವಾಗಿರಲಿಲ್ಲ.

ಸಸಿಯನ್ನು ಚಳಿಯಿಂದ ಮರೆಮಾಡಬೇಕು. ಮರವನ್ನು ಚಳಿಗೆ ಒಡ್ಡಬೇಕು. ಹೂವನ್ನು ಕಣ್ಣಿಟ್ಟು ಕಾಯಬೇಕು. ಮಕ್ಕಳನ್ನು ಬೆಳೆಸಿದವರಿಗೆ, ತರಗತಿಯಲ್ಲಿ ಪಾಠ ಹೇಳಿದವರಿಗೆ ಈ ಮಾತಿನ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ಯಾವಾಗ ಗೋಣಿಚೀಲ ತೆಗೆಯಬೇಕೆಂಬುದೇ ಎಲ್ಲಕ್ಕಿಂತ ಕಠಿನವಾದ ಪ್ರಶ್ನೆ.

ಈ ಸಲ ಥಂಡಿ ಹದವಾಗಿ ಬಿದ್ದಿದೆ. ತೋಟದ ತುಂಬ ಹೂವೆಂದು ಆ ಹುಡುಗ ಫೋನು ಮಾಡಿದ್ದ. "ಅಪ್ಪ ಏನಂತಾರಪಾ?" ಎಂದೆ. "ಕಾಯಿ ನಿಂತದ್ದು ನೋಡಿ ಹೇಳ್ತೀನಿ ಅಂದಾರ್ರಿ. ಕೊಡ್ಲಿ ಮಾತ್ರ ಇನ್ನೂ ಜಂತೀಗೆ ಸಿಗಿಸಿಲ್ರಿ, ಬಾಗಲದಾಗs ಐತ್ರಿ," ಎಂದ. ಅಂದಿನಿಂದ ಮುಂಜಾನೆ ಎದ್ದೊಡನೆ ನಾನು ನೋಡುವುದು ಪತ್ರಿಕೆಯನ್ನಲ್ಲ, ಮುಗಿಲನ್ನು.