ಖಾಲಿ ಬಾಟಲಿಯ ಟೆಂಡರು

ಖಾಲಿ ಬಾಟಲಿ ಎಂದರೆ ನಮ್ಮಂಥ ಗೃಹಿಣಿಯರಿಗೆ ಹಳೇ ಪೇಪರಿನವನ ಜೊತೆ ಒಂದೆರಡು ರೂಪಾಯಿಗೆ ಚೌಕಾಸಿ ಮಾಡುವ ವಿಷಯ. ಅದಕ್ಕೂ ಟೆಂಡರು ಕರೆಯುತ್ತಾರೆ, ಆ ಟೆಂಡರು ಹೈಕೋರ್ಟಿನ ಮೆಟ್ಟಿಲು ಹತ್ತುತ್ತದೆ ಎಂದರೆ ನಂಬುತ್ತೀರಾ? ಹೊಸೂರಿನಲ್ಲಿರುವ ನನ್ನ ಸೋದರತ್ತೆಯ ದೆಸೆಯಿಂದ ಇದೆಲ್ಲ ನನಗೆ ತಿಳಿಯಿತು.

ತಮಿಳುನಾಡಿನಲ್ಲಿ 2003ರ ಕೊನೆಯಿಂದ ಚಿಲ್ಲರೆ ಮದ್ಯದಂಗಡಿಗಳನ್ನು ನಡೆಸುವುದು ಸರ್ಕಾರದ ಟಾಸ್ಮಾಕ್ ನಿಗಮ. ಅಂಗಡಿಗೆ ಅಂಟಿಕೊಂಡ ಬಾರ್ ಮಾತ್ರ ಟೆಂಡರಿನಲ್ಲಿ ಗೆದ್ದ ಖಾಸಗಿಯವರದು. ಟೆಂಡರು ಕಾಗದದಲ್ಲಿ ಅದಕ್ಕಿರುವ ವರ್ಣನೆ ನೋಡಿ: ತಿಂಡಿ ಮಾರುವುದು, ಖಾಲಿ ಬಾಟಲಿ ಸಂಗ್ರಹಿಸುವುದು! ಓದಿದರೆ ಚಕ್ಕುಲಿ, ಕೋಡುಬಳೆ ಮಾಡುವ ನಮ್ಮ ಮಹಿಳಾ ಸಂಘದವರೂ ಅರ್ಜಿ ಹಾಕಬಹುದು ಅನ್ನಿಸುತ್ತದೆ.

ಅಂಥದೊಂದು ಅಂಗಡಿಯ ಪಕ್ಕದಲ್ಲೇ ಅತ್ತೆಯ ಖಾಲಿ ಸೈಟು. ಮಾವ ಬಿಟ್ಟುಹೋದ ಆಸ್ತಿ ಅದೊಂದೇ. ಅದರಲ್ಲಿ ಒಂದು ನುಗ್ಗೇಮರ, ಒಂದು ಒಗೆಯುವ ಕಲ್ಲು. 2021ರ ಡಿಸೆಂಬರಿನಲ್ಲಿ ಹೊಸ ಟೆಂಡರು ಬಂದಾಗ ಇಬ್ಬರು ಹಣ್ಣಿನ ಬುಟ್ಟಿ ಹಿಡಿದು ಬಂದರಂತೆ. ಶೀಟು ಹೊದೆಸಿ ಮೇಜು ಹಾಕುತ್ತೇವೆ, ಒಪ್ಪಿಗೆ ಪತ್ರಕ್ಕೆ ಸಹಿ ಮಾಡಿ ಎಂದರು. ಹೇಳಿದ ಬಾಡಿಗೆ ಅತ್ತೆಯ ಪಿಂಚಣಿಯ ಎರಡರಷ್ಟು. ಮಗ ಆಗಲೇ ಪೆನ್ನು ಹುಡುಕುತ್ತಿದ್ದ.

"ತಿಂಡಿ ಮಾರೋಕೆ ಇಷ್ಟು ಬಾಡಿಗೇನಪ್ಪಾ?" ಎಂದು ಕೇಳಿದರಂತೆ ಅತ್ತೆ. ಪಾತ್ರೆ ತೊಳೆಯಲು ಬರುವ ಹೆಂಗಸು ಬಾಗಿಲ ಬಳಿ ನಿಂತು ಕೇಳಿಸಿಕೊಳ್ಳುತ್ತಿದ್ದಳು. ಅವಳ ಗಂಡನ ಸಂಬಳ ಎಲ್ಲಿ ಕರಗುತ್ತದೆಂಬುದು ಅತ್ತೆಗೆ ಗೊತ್ತಿಲ್ಲದ ಸಂಗತಿಯಲ್ಲ.

ಇತ್ತ ಹಳೆಯ ಬಾರ್‌ನವರು ಮದರಾಸು ಹೈಕೋರ್ಟಿಗೆ ಹೋಗಿದ್ದರು. ಕೊರೋನಾ ಕಾಲದಲ್ಲಿ ಬಾಗಿಲು ಮುಚ್ಚಿ ನಷ್ಟವಾಗಿದೆ, ನಮ್ಮ ಅವಧಿಯನ್ನೇ ಮುಂದುವರಿಸಿ ಎಂದು ಅವರ ಅಹವಾಲು. 2022ರ ಆರಂಭದಲ್ಲಿ ಬಂದ ತೀರ್ಪು ಇಬ್ಬರಿಗೂ ಬಿಸಿ ಮುಟ್ಟಿಸಿತು. 1937ರ ಪಾನನಿಷೇಧ ಕಾಯ್ದೆಯಡಿ ಇಂಥ ಬಾರ್‌ಗಳಿಗೆ ಅನುಮತಿ ಕೊಡುವ ಅಧಿಕಾರವೇ ನಿಗಮಕ್ಕಿಲ್ಲ, ಆರು ತಿಂಗಳಲ್ಲಿ ಮುಚ್ಚಿ ಎಂದರು ನ್ಯಾಯಮೂರ್ತಿಗಳು. ರಾಜಾಜಿಯವರು ಆ ಕಾಯ್ದೆಯನ್ನು ಮೊದಲು ಜಾರಿಗೆ ತಂದದ್ದು ಸೇಲಂ ಜಿಲ್ಲೆಯಲ್ಲಿ. ಹೊಸೂರು ಆಗ ಸೇಲಂಗೇ ಸೇರಿತ್ತು!

ಆದರೆ ಸಂಭ್ರಮಿಸುವ ಹಾಗಿರಲಿಲ್ಲ. ನಿಗಮ ಮೇಲ್ಮನವಿ ಹೋಯಿತು, ಬಾರ್‌ಗಳು ಮುಚ್ಚಲಿಲ್ಲ. ಹೆಂಡದ ವ್ಯಾಪಾರ ಯಾರ ಮೂಲಭೂತ ಹಕ್ಕೂ ಅಲ್ಲವೆಂದು ಸುಪ್ರೀಂ ಕೋರ್ಟು ನಮ್ಮ ಕರ್ನಾಟಕದ ಖೋಡೆ ಡಿಸ್ಟಿಲರೀಸ್ ಮೊಕದ್ದಮೆಯಲ್ಲೇ ಹೇಳಿದೆ. ಆದರೂ ಸರ್ಕಾರ ಲೈಸೆನ್ಸು ಹಂಚಲು ಹೊರಟರೆ ಪಕ್ಷಪಾತವಿಲ್ಲದೆ ಹಂಚಬೇಕು. ಟೆಂಡರು ಕೈತಪ್ಪಿದವರೆಲ್ಲ ಕೋರ್ಟಿಗೆ ಓಡುವುದು ಆ ಎಳೆ ಹಿಡಿದೇ. ಅವಧಿ ಯಾರಿಗೆ, ಜಾಗ ಯಾರದು ಎಂದು ಇಷ್ಟೆಲ್ಲ ವಾದ ನಡೆಯುತ್ತದಲ್ಲ, ಪಾತ್ರೆ ತೊಳೆಯುವ ಆ ಹೆಂಗಸು ಅದರಲ್ಲಿ ವಾದಿಯೂ ಅಲ್ಲ, ಪ್ರತಿವಾದಿಯೂ ಅಲ್ಲ. ನನಗೆ ಸಿಟ್ಟು ಬರುವುದು ಅಲ್ಲಿ.

ಅತ್ತೆ ಸಹಿ ಹಾಕಲಿಲ್ಲ. ಮಗ ಹದಿನೈದು ದಿನ ಮಾತು ಬಿಟ್ಟ. ಬಂದವರು ರಸ್ತೆಯಾಚೆ ಬೇರೆ ಜಾಗ ನೋಡಿಕೊಂಡರು. ಮುಂದಿನ ಟೆಂಡರಿಗೆ ಮತ್ತೆ ಬಂದಿದ್ದರಂತೆ. ಅತ್ತೆ ಕಾಫಿ ಕೊಟ್ಟು, ನಾಲ್ಕು ನುಗ್ಗೇಕಾಯಿ ಕಿತ್ತು ಕೈಗಿಟ್ಟು ಕಳಿಸಿದರಂತೆ.