40 ರೂಪಾಯಿಯ ದೊಡ್ಡಪತ್ರೆ

ದೊಡ್ಡಪತ್ರೆ ದುಡ್ಡು ಕೊಟ್ಟು ತಂದೆವು ಅಂದರೆ ನಮ್ಮೂರಲ್ಲಿ ನಗುತ್ತಾರೆ. ಬಚ್ಚಲ ನೀರು ಹರಿಯುವಲ್ಲಿ ಅಜ್ಜಿ ಬೆಳೆಸಿದ್ದ ಗಿಡ, ನಾವು ಹಿತ್ತಿಲಿಗೆ ಸಿಮೆಂಟ್ ಹಾಕಿಸಿದ ವರ್ಷವೇ ಹೋಯಿತು. ಮೊನ್ನೆ ಅಕ್ಕನ ಮಗುವಿಗೆ ಕೆಮ್ಮು ಬಂದಾಗ ಅಜ್ಜಿ ಅಭ್ಯಾಸಬಲದಿಂದ ಹಿತ್ತಿಲಿಗೆ ಹೋಗಿ ಬರಿಗೈಲಿ ಬಂದರು. ಏನೂ ಅನ್ನಲಿಲ್ಲ. ಬೈದಿದ್ದರೇ ಚೆನ್ನಾಗಿತ್ತು.

ಮರುದಿನ ಪೇಟೆಯ ನರ್ಸರಿಯಿಂದ ಗಿಡ ತಂದೆವು. ಬೇರಿನ ಸುತ್ತ ಇದ್ದದ್ದು ಮಣ್ಣಲ್ಲ, ತೆಂಗಿನ ನಾರಿನ ಪುಡಿ, ಕೋಕೊಪೀಟ್ ಅನ್ನುತ್ತಾರೆ. ಮೇಲೆ ಒಣಗಿದಂತೆ ಕಂಡರೂ ಒಳಗೆ ನೀರು ಹಿಡಿದಿರುತ್ತದೆ. ಅದು ತಿಳಿಯದೆ ಹಾಗೇ ಕುಂಡಕ್ಕಿಟ್ಟು ದಿನಾ ನೀರು ಹೊಯ್ದೆವು. ಹತ್ತು ದಿನಕ್ಕೆ ಬುಡ ಕೊಳೆಯಿತು.

"ತುದಿ ಇನ್ನೂ ಹಸಿರಿದೆಯಲ್ಲ, ಮುರಿದು ಕೊಡ್ರೋ" ಅಂದರು ಅಜ್ಜಿ. ಕೊಳೆಯದ ಗೆಣ್ಣಿನ ಕೆಳಗೆ ಕತ್ತರಿಸಿ, ಕೆಳಗಿನ ಎಲೆ ಕಿತ್ತು, ಮಣ್ಣು, ಮರಳು, ಹಳೇ ಸಗಣಿಗೊಬ್ಬರ ಬೆರೆಸಿ, ತೂತು ಕೊರೆದ ಎಣ್ಣೆ ಡಬ್ಬಿಯಲ್ಲಿ ಮೂರು ಕಡ್ಡಿ ನೆಟ್ಟು ನೆರಳಲ್ಲಿಟ್ಟರು. ಬೆರಳು ಚುಚ್ಚಿ ನೋಡಿ, ಮಣ್ಣು ಒಣಗಿದ್ದರೆ ಮಾತ್ರ ನೀರು. ನಮ್ಮನ್ನು ಹತ್ತಿರ ಬಿಡಲಿಲ್ಲ.

ಎರಡು ಕಡ್ಡಿ ಚಿಗುರಿವೆ. ಈಗ ಅಜ್ಜಿ ಬಚ್ಚಲ ಹಿಂದಿನ ಮೂಲೆ ತೋರಿಸಿ, "ಇಲ್ಲಿ ಒಂದು ಮೊಳ ಸಿಮೆಂಟ್ ಒಡೀರಿ" ಅಂತಿದ್ದಾರೆ. ಹಾರೆ ಹುಡುಕುತ್ತಿದ್ದೇವೆ.